ಕಥೆಯ ಹುಳಕ್ಕೂ ಹೊಟ್ಟೆಪಾಡು ಬೇಡವೇ?

ಮಾನ್ಯರೇ,

ಭಾನುವಾರದ ಪುರವಣಿಯ ಧಾರಾವಾಹಿಯಲ್ಲಿ ಈಗ ‘ನೆರಳಹುಳ’ದ ಕಾರುಬಾರು. ಕಡಲಿಂದ ಎದ್ದು ಬಂದ ಈ ಪರಾವಲಂಬಿ ರಾತ್ರಿ ಸೈನಿಕನ ಕಿವಿ ಹೊಕ್ಕರೆ ಬೆಳಗಿನ ಹೊತ್ತಿಗೆ ಅವನು ಹೆಣ. ಅವನಿಂದ ಹುಳ ಇನ್ನಿಬ್ಬರಿಗೆ. ಕೋಟೆಯಲ್ಲಿರುವವರು ನೂರು ಜನ. ಹಾವಳಿ ಮಾತ್ರ ಒಂದು ವರ್ಷದಿಂದ ನಡೆದಿದೆಯಂತೆ! ಮೊದಲ ರಾತ್ರಿ 1, ಮರುರಾತ್ರಿ 2, ಆಮೇಲೆ 4, 8, 16, 32. ಆರು ರಾತ್ರಿಗೇ 63 ಹೆಣ ಬಿತ್ತು. ಏಳನೆಯ ರಾತ್ರಿ ಉಳಿದ 37 ಜನರೂ ಮುಗಿದರು. ಎಂಟನೆಯ ದಿನ ಹುಳ ತಿನ್ನುವುದೇನನ್ನು? ಉಂಡ ಮನೆಯ ಗಳ ಹಿರಿದರೆ ಬೀದಿಗೆ ಬೀಳುವುದು ತಾನೇ.

ಲೇಖಕರು ಒಮ್ಮೆ ನಮ್ಮ ಕಾರವಾರದ ಬೈತಖೋಲ ಬಂದರಿನ ಬಂಗಡೆ ನೋಡಬೇಕು. ಕಿವಿರಿನ ಮುಚ್ಚಳ ಎತ್ತಿದರೆ ಕೆಲವು ಮೀನುಗಳಲ್ಲಿ ಬಿಳಿಚಿಕೊಂಡ, ಪಟ್ಟಿಪಟ್ಟಿ ಮೈಯ ಜೀವಿಯೊಂದು ಅಂಟಿ ಕೂತಿರುತ್ತದೆ. ಸಿಗಡಿ, ಏಡಿಗಳ ದೂರದ ನೆಂಟ. ಶಾಸ್ತ್ರದ ಹೆಸರು ನೊರಿಲೆಕಾ ಇಂಡಿಕಾ. ಏಳು ಜೊತೆ ಕಾಲು, ಪ್ರತಿಯೊಂದರ ತುದಿಗೂ ಕೊಕ್ಕೆ. ಉಗುರು ಹಾಕಿ ಎಬ್ಬಿದರೂ ಸುಲಭಕ್ಕೆ ಬರುವುದಿಲ್ಲ. ಕಿವಿರಿನ ಗೂಡು ಇಕ್ಕಟ್ಟು, ಹಾಗಾಗಿ ಮೈ ಒಂದು ಪಕ್ಕಕ್ಕೆ ಡೊಂಕಾಗಿಯೇ ಬೆಳೆಯುತ್ತದೆ. ಚಿಕ್ಕಂದಿನಲ್ಲಿ ಗಂಡು, ದೊಡ್ಡದಾದ ಮೇಲೆ ಹೆಣ್ಣು. ಹೊಟ್ಟೆಯಡಿಯ ಚೀಲದಲ್ಲಿ ಬೆಳೆದ ಮರಿಗಳು ಹೊರಬಿದ್ದು, ಈಜಿ, ಬೇರೆ ಮೀನು ಹುಡುಕಿಕೊಳ್ಳಬೇಕು. ಬಂಗಡೆ ಹಿಂಡಿನಲ್ಲಿ ಓಡಾಡುವ ಮೀನಾದ್ದರಿಂದ ಮುಂದಿನ ಮನೆ ಪಕ್ಕದಲ್ಲೇ ಇರುತ್ತದೆ. ಕಿವಿರು ಸವೆಯುತ್ತದೆ, ಮೀನು ಸೊರಗುತ್ತದೆ, ಆದರೂ ಹಿಂಡಿನ ಜೊತೆ ಈಜುತ್ತಲೇ ಇರುತ್ತದೆ. (ಅಡುಗೆಯವರು ಗಾಬರಿಯಾಗುವುದು ಬೇಡ. ಕಿವಿರಿನ ಜೊತೆ ಕಿತ್ತೆಸೆದರಾಯಿತು.)

ಇದಕ್ಕಿಂತ ಭಯಂಕರವಾದದ್ದು ಬೇಕೆಂದರೆ ಏಡಿಗೆ ಹತ್ತುವ ಸ್ಯಾಕ್ಯುಲಿನ ಎಂಬ ಪರಾವಲಂಬಿ ಇದೆ. ಬೇರಿನಂಥ ಎಳೆಗಳನ್ನು ಏಡಿಯ ಮೈತುಂಬ ಹರಡಿ, ಏಡಿ ಮೊಟ್ಟೆ ಹೊರುವ ಜಾಗದಲ್ಲೇ ಇದು ತನ್ನ ಮರಿಗಳ ಚೀಲ ಹೊರಹಾಕುತ್ತದೆ. ಆಮೇಲೆ ಏಡಿ ಪೊರೆ ಕಳಚುವುದಿಲ್ಲ, ಸಂತಾನವೂ ಇಲ್ಲ. ಗಂಡೇಡಿಯಾದರೆ ಹೊಟ್ಟೆಯಡಿಯ ಮಡಿಕೆ ಹೆಣ್ಣಿನದರಂತೆ ಅಗಲವಾಗುತ್ತದೆ. ಪರರ ಚೀಲವನ್ನು ತನ್ನದೇ ಮೊಟ್ಟೆ ಎಂಬಂತೆ ಚೊಕ್ಕಟವಾಗಿಟ್ಟು, ಮರಿ ಹೊರಡುವ ಹೊತ್ತಿಗೆ ನೀರು ಬೀಸಿ ಕಳಿಸಿಕೊಡುತ್ತದೆ. ಒಂದು ಹೆಣವೂ ಬೀಳದೆ ಎದೆ ಝಲ್ಲೆನ್ನುತ್ತದಲ್ಲ!

ನೆರಳಹುಳವನ್ನೂ ಹೀಗೆ ತಿದ್ದಬಹುದು. ಸೈನಿಕ ಬದುಕಿರಲಿ, ತಿಂಗಳುಗಟ್ಟಲೆ ಸೊರಗಲಿ. ಕಿವಿಯೊಳಗೆ ಹುಳ ಯಾವುದನ್ನು ಹಿಡಿದು ನಿಂತಿದೆ ಎಂದು ಒಂದು ಸಾಲು ಬರೆಯಲಿ; ಅವನು ತಲೆ ಕೊಡವಿದರೆ ಉದುರಬಾರದಲ್ಲ. ಹುಳ ಹೊಕ್ಕವನಿಗೆ ಒಂಟಿ ಕಾವಲು ಬೇಡವಾಗಿ, ಹತ್ತು ಜನರ ನಡುವೆ ಒತ್ತಿ ಮಲಗುವ ಆಸೆ ಹುಟ್ಟಲಿ. ಪಕ್ಕದವನ ಕಿವಿ ಅಲ್ಲೇ ಇರುತ್ತದೆ.

ಇನ್ನೊಂದು ತಪ್ಪು ಕರಾವಳಿಯವರ ಕಣ್ಣಿಗೆ ಹೊಡೆಯುವಂಥದ್ದು. ನಾಯಕ ಕೊನೆಗೆ ಉಪ್ಪು ಎರಚಿ ಹುಳವನ್ನು ಕೊಲ್ಲುತ್ತಾನೆ. ಮಳೆಗಾಲದಲ್ಲಿ ಶಿರಸಿ ಕಡೆಯ ಕಾಡಲ್ಲಿ ಕಾಲಿಗೆ ಹತ್ತುವ ಉಂಬಳಕ್ಕೆ (ಜಿಗಣೆಗೆ) ಈ ಮದ್ದು ಸರಿ. ಅದರ ಮೈ ಮೆದು, ತೇವ; ಉಪ್ಪು ಒಳಗಿನ ನೀರನ್ನು ಎಳೆಯುತ್ತದೆ, ಅದು ಹಿಡಿತ ಬಿಟ್ಟು ಮುದುಡುತ್ತದೆ. ಆದರೆ ಧಾರಾವಾಹಿಯ ಹುಳ ಹುಟ್ಟಿದ್ದೇ ಉಪ್ಪುನೀರಿನಲ್ಲಿ. ಅದಕ್ಕೆ ಒಂದು ಹಿಡಿ ಉಪ್ಪಿನ ಹೆದರಿಕೆಯೇ? ಮುಂದಿನ ಕಂತಿನೊಳಗೆ ಲೇಖಕರು ಬೇರೆ ಮದ್ದು ಹುಡುಕಲಿ. ಸಿಹಿನೀರು ಸುರಿದು ನೋಡಬಹುದು.

— ಓದುಗರು, ಕಾರವಾರ