ಮಗಳಿಗೊಂದು ಪತ್ರ: ಈ ಮನೆ ಸಾಲ ಮುಗಿಯುವುದು ಯಾವಾಗ?

ಪ್ರೀತಿಯ ಮಗಳೇ,

ನಿನ್ನ ಮೆಸೇಜ್ ಓದಿದೆ. "30 ವರ್ಷಕ್ಕೆ ಹಾಕಿಸಿದರೆ ಇಎಂಐ ಹಗುರ ಆಗುತ್ತದೆ ಅಮ್ಮ, ತಿಂಗಳ ಕೊನೆಗೆ ಉಸಿರಾಡಬಹುದು" ಅಂತ ಬರೆದಿದ್ದೀಯ. ಹಗುರ ಆಗುವುದು ನಿಜ. ಆದರೆ ಎಷ್ಟು ಹಗುರ, ಅದಕ್ಕೆ ಬದಲಾಗಿ ಏನು ಕೊಡುತ್ತೀಯ ಅಂತ ಲೆಕ್ಕ ಹಾಕಿದ್ದೀಯಾ? ಫೋನಿನಲ್ಲಿ ಅಂಕಿ ಹೇಳಿದರೆ ಈ ಕಿವಿಯಲ್ಲಿ ಕೇಳಿ ಆ ಕಿವಿಯಲ್ಲಿ ಬಿಡುತ್ತೀಯ. ಅದಕ್ಕೇ ಬರೆಯುತ್ತಿದ್ದೇನೆ. ಮನೆ ಬೇಡ ಅಂತ ನಾನು ಹೇಳುತ್ತಿಲ್ಲ, ಹೆದರಬೇಡ. ಕ್ಯಾಲ್ಕುಲೇಟರ್ ಪಕ್ಕದಲ್ಲಿ ಇಟ್ಟುಕೊಂಡು ಓದು.

ಲೆಕ್ಕಕ್ಕೆ ಸುಲಭ ಆಗಲಿ ಅಂತ ಸಾಲ 1,00,000 ಅಂದುಕೊಳ್ಳೋಣ. ನಿನ್ನ ಸಾಲ ಇದರ ಎಷ್ಟು ಪಟ್ಟೋ, ಉತ್ತರವೂ ಅಷ್ಟೇ ಪಟ್ಟು. ಬಡ್ಡಿ ವರ್ಷಕ್ಕೆ ಶೇ 9 ಅನ್ನೋಣ. ಅಂದರೆ ತಿಂಗಳಿಗೆ ಶೇ 0.75. 20 ವರ್ಷದ ಅವಧಿಗೆ ಕಂತು ಹತ್ತಿರ ಹತ್ತಿರ 900 ಬರುತ್ತದೆ. 240 ಕಂತು ಕಟ್ಟಿದರೆ ಒಟ್ಟು 2,16,000. ತೆಗೆದುಕೊಂಡದ್ದು ಒಂದು ಲಕ್ಷ, ಬಡ್ಡಿಯೇ 1,16,000.

ಈಗ ನಿನ್ನ 30 ವರ್ಷಕ್ಕೆ ಬಾ. ಕಂತು 805ಕ್ಕೆ ಇಳಿಯುತ್ತದೆ. ತಿಂಗಳಿಗೆ 95 ಉಳಿಯಿತು ಅಂತ ನಿನಗೆ ಖುಷಿ. ಒಟ್ಟು ಕಟ್ಟುವುದು ಮಾತ್ರ 2,90,000ಕ್ಕೆ ಏರುತ್ತದೆ. ಬಡ್ಡಿ 1,90,000. ತಿಂಗಳಿಗೆ 95 ಉಳಿಸಲು ಹೋಗಿ 74,000ದಷ್ಟು ಜಾಸ್ತಿ ಬಡ್ಡಿ! ಕಂತು ಕಡಿಮೆಯಾದದ್ದು ಹತ್ತರಲ್ಲಿ ಒಂದು ಪಾಲಿಗಿಂತ ಚೂರು ಜಾಸ್ತಿ, ಅಷ್ಟೇ. ಅದಕ್ಕೆ ಹತ್ತು ವರ್ಷದ ದುಡಿಮೆ ಬರೆದುಕೊಟ್ಟಂತಾಯಿತು. ಅದೇ ಸಾಲವನ್ನು 15 ವರ್ಷಕ್ಕೆ ಹಾಕಿಸಿದರೆ ಕಂತು 1,014, ಒಟ್ಟು ಬಡ್ಡಿ 82,500.

ಏಕೆ ಹೀಗೆ? ಮೊದಲ ತಿಂಗಳ ಕಂತನ್ನು ಬಿಡಿಸಿ ನೋಡು. ಒಂದು ಲಕ್ಷದ ಮೇಲೆ ತಿಂಗಳ ಬಡ್ಡಿ 750. 20 ವರ್ಷದ ಸಾಲದಲ್ಲಿ ನೀನು ಕಟ್ಟುವ 900ರಲ್ಲಿ 750 ಬಡ್ಡಿಗೆ ಹೋಯಿತು, ಅಸಲಿಗೆ ಸೇರಿದ್ದು 150. 30 ವರ್ಷದ ಸಾಲದಲ್ಲಿ 805ರಲ್ಲೂ ಅದೇ 750 ಬಡ್ಡಿಗೆ. ಅಸಲಿಗೆ ಬರೀ 55! ಬಡ್ಡಿ ತಾನು ತಗೊಳ್ಳಬೇಕಾದ್ದನ್ನು ಮೊದಲು ತಗೊಳ್ಳುತ್ತದೆ. ನೀನು ಕಂತನ್ನು ಕಡಿಮೆ ಮಾಡಿಸಿದೆ ಅಂದುಕೊಂಡಿದ್ದೀಯ. ನಿಜವಾಗಿ ಕಡಿಮೆ ಮಾಡಿಸಿದ್ದು ಅಸಲಿನ ಪಾಲನ್ನು.

20 ವರ್ಷದ ಸಾಲವನ್ನೇ ಹಿಡಿದು ಮುಂದೆ ಹೋಗೋಣ. ಮೊದಲ ವರ್ಷ ನೀನು ಕಟ್ಟುವುದು ಸುಮಾರು 10,800. ವರ್ಷದ ಕೊನೆಗೆ ಸಾಲ ಇಳಿದಿರುವುದು 1,900ಕ್ಕೂ ಕಡಿಮೆ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಜಾಸ್ತಿ ಆಗಲು 12 ವರ್ಷ ದಾಟಬೇಕು. ಹತ್ತು ವರ್ಷ, ಅಂದರೆ ಅರ್ಧ ಅವಧಿ ಮುಗಿದಾಗಲೂ 71,000 ಬಾಕಿ ಇರುತ್ತದೆ. ಸಾಲ ಅರ್ಧಕ್ಕೆ ಇಳಿಯುವುದು 14 ವರ್ಷಕ್ಕೆ. 30 ವರ್ಷದ ಸಾಲದಲ್ಲಾದರೆ ಹತ್ತು ವರ್ಷ ಕಟ್ಟಿದ ಮೇಲೂ 89,000 ಹಾಗೇ ಕೂತಿರುತ್ತದೆ. ಮಧ್ಯದಲ್ಲಿ ಮನೆ ಮಾರಿ ಬೇರೆ ಊರಿಗೆ ಹೋಗಬೇಕಾಗಿ ಬಂದವರಿಗೆ ಇದು ಥಟ್ಟನೆ ಅರ್ಥವಾಗುತ್ತದೆ. ಇಷ್ಟು ವರ್ಷ ಕಟ್ಟಿದೆವಲ್ಲ, ಎಲ್ಲಿ ಹೋಯಿತು ಅಂತ ಕೇಳುತ್ತಾರೆ. ಬಡ್ಡಿಗೆ ಹೋಯಿತು, ಅಷ್ಟೇ. ಇದರಲ್ಲಿ ಮೋಸ ಏನೂ ಇಲ್ಲ, ಬಾಕಿ ಎಷ್ಟಿದೆಯೋ ಅಷ್ಟಕ್ಕೆ ಬಡ್ಡಿ ಹಾಕಿರುತ್ತಾರೆ. ಬಾಕಿ ಕರಗಿಸದಿದ್ದರೆ ಬಡ್ಡಿಯೂ ಕರಗದು.

ಹಾಗಂತ ಈ ಕಂತಿನ ಪದ್ಧತಿಯೇ ಕೆಟ್ಟದ್ದು ಅಂತಲೂ ಅಲ್ಲ. ಅಮೆರಿಕದಲ್ಲಿ 1930ರ ದಶಕಕ್ಕೆ ಮುಂಚೆ ಎಷ್ಟೋ ಮನೆ ಸಾಲಗಳು ಐದು-ಹತ್ತು ವರ್ಷದವು. ಅಲ್ಲಿಯವರೆಗೆ ಬಡ್ಡಿ ಮಾತ್ರ ಕಟ್ಟುವುದು, ಕೊನೆಗೆ ಅಸಲನ್ನೆಲ್ಲ ಒಟ್ಟಿಗೇ ತೀರಿಸುವುದು, ಇಲ್ಲವೇ ಹೊಸ ಸಾಲ ಹುಡುಕುವುದು. ಮಹಾ ಕುಸಿತದಲ್ಲಿ ಹೊಸ ಸಾಲ ಸಿಗದೆ ಜನ ಮನೆ ಕಳೆದುಕೊಂಡರು. 1934ರಲ್ಲಿ ಅಲ್ಲಿನ ಸರ್ಕಾರ ಎಫ್‌ಎಚ್‌ಎ ಅನ್ನುವ ಸಂಸ್ಥೆ ಮಾಡಿ ಸಾಲಕ್ಕೆ ವಿಮೆ ಕೊಟ್ಟ ಮೇಲೆ, ಪ್ರತಿ ಕಂತಿನಲ್ಲೂ ಸ್ವಲ್ಪ ಅಸಲು ತೀರುವ ದೀರ್ಘಾವಧಿ ಸಾಲ ಅಲ್ಲಿ ಬೇರೂರಿತು. ಆ "ಸ್ವಲ್ಪ ಅಸಲು" ಇದೆಯಲ್ಲ, ಅದೇ ನಿನ್ನ ರಕ್ಷಣೆ. ಅದನ್ನು 55ಕ್ಕೆ ಇಳಿಸಿಕೊಂಡರೆ ರಕ್ಷಣೆಯೂ ಅಷ್ಟಕ್ಕಷ್ಟೇ.

ಇನ್ನು ಬಡ್ಡಿ ದರ. ನಿನ್ನದು ಫ್ಲೋಟಿಂಗ್, ಅಂದರೆ ಆಗಾಗ ಏರಿಳಿಯುವ ದರ, ಅಂದೆ. ಅದರಲ್ಲಿ ಒಂದು ವಿಷಯ ಸರಿಯಾಗಿ ತಿಳಿದುಕೋ. ದರ ಏರಿದಾಗ ಅನೇಕ ಬ್ಯಾಂಕುಗಳು ಕಂತನ್ನು ಮುಟ್ಟುವುದಿಲ್ಲ, ಅವಧಿಯನ್ನು ಎಳೆಯುತ್ತವೆ. ಕಂತು ಹಾಗೇ ಇದೆ ಅಂತ ನೀನು ಆರಾಮಾಗಿ ಇರುತ್ತೀಯ. ಒಂದು ಲಕ್ಷಕ್ಕೆ 900 ಕಂತು ಹಾಗೇ ಇಟ್ಟು, ದರ ಆರಂಭದಲ್ಲೇ 9ರಿಂದ 10ಕ್ಕೆ ಏರಿತು ಅನ್ನು. 240 ತಿಂಗಳ ಸಾಲ 314 ತಿಂಗಳಾಗುತ್ತದೆ. ಆರು ವರ್ಷಕ್ಕಿಂತ ಜಾಸ್ತಿ! ದರ 10.8 ಮುಟ್ಟಿದರೆ ಪೂರ್ತಿ ಕಂತು ಬಡ್ಡಿಗೇ ಹೋಗುತ್ತದೆ, ಅಸಲಿಗೆ ಏನೂ ಸೇರುವುದಿಲ್ಲ. 30 ವರ್ಷದ ಸಾಲದಲ್ಲಿ ಆ ಗಡಿ ಇನ್ನೂ ಹತ್ತಿರ. ದರ 9.7 ಆದರೆ ಸಾಕು, 805ರ ಕಂತು ಬಡ್ಡಿಗೂ ಸಾಕಾಗುವುದಿಲ್ಲ. ಕಟ್ಟುತ್ತಾ ಇದ್ದಂತೆಯೇ ಸಾಲ ಬೆಳೆಯುತ್ತದೆ. ಆಗ ಬ್ಯಾಂಕು ಕಂತು ಏರಿಸಲೇಬೇಕು. ಉಸಿರಾಡಲು ಅಂತ ಇಟ್ಟುಕೊಂಡ ಜಾಗ ಅಲ್ಲಿಗೆ ಹೋಯಿತು. ಅದಕ್ಕೇ ದರ ಬದಲಾದ ಪತ್ರ ಅಥವಾ ಇಮೇಲ್ ಬಂದಾಗ ಕಂತು ಎಷ್ಟು ಅಂತ ನೋಡಿ ಮುಚ್ಚಬೇಡ, ಉಳಿದ ತಿಂಗಳು ಎಷ್ಟು ಅಂತ ನೋಡು.

ದರದಲ್ಲಿ ಅರ್ಧ ಶೇಕಡ ಕಡಿಮೆ ಮಾಡಿಸಲು ನೀನು ಮೂರು ಬ್ಯಾಂಕು ಸುತ್ತಿದ್ದೀಯ. ಒಳ್ಳೆಯದೇ. 20 ವರ್ಷದ ಸಾಲದಲ್ಲಿ 9ರ ಬದಲು 8.5 ಸಿಕ್ಕರೆ ಒಂದು ಲಕ್ಷಕ್ಕೆ ಸುಮಾರು 7,650 ಉಳಿಯುತ್ತದೆ. ಅವಧಿ 20ರಿಂದ 15ಕ್ಕೆ ಇಳಿಸಿದರೆ ಉಳಿಯುವುದು 33,000ಕ್ಕೂ ಮೇಲೆ. ದರಕ್ಕೆ ಚೌಕಾಸಿ ಮಾಡುವ ಜನ ಅವಧಿಯನ್ನು ಮಾತ್ರ ಅವರು ಬರೆದಂತೆ ಒಪ್ಪಿ ಸಹಿ ಹಾಕುತ್ತಾರೆ. ಇದು ನನಗೆ ಯಾವತ್ತೂ ವಿಚಿತ್ರ ಅನ್ನಿಸುತ್ತದೆ.

ಮುಂದೆ ಯಾರಾದರೂ "ನಿಮ್ಮ ಸಾಲ ನಮ್ಮಲ್ಲಿಗೆ ವರ್ಗಾಯಿಸಿ, ದರ ಕಡಿಮೆ, ಕಂತೂ ಕಡಿಮೆ" ಅಂತ ಫೋನ್ ಮಾಡುತ್ತಾರೆ. ಮಾಡೇ ಮಾಡುತ್ತಾರೆ. ಹತ್ತು ವರ್ಷ ಕಟ್ಟಿದ ಮೇಲೆ ಬಾಕಿ 71,000 ಇದ್ದಾಗ 8.5ರ ದರಕ್ಕೆ ಹೊಸದಾಗಿ 20 ವರ್ಷ ಹಾಕಿಸಿಕೊಂಡರೆ ಕಂತು 616ಕ್ಕೆ ಇಳಿಯುತ್ತದೆ. ಕೇಳಲು ಚೆಂದ. ಆದರೆ ಕಟ್ಟಬೇಕಾದ ಒಟ್ಟು ಹಣ 1,08,000ದಿಂದ 1,48,000ಕ್ಕೆ ಏರುತ್ತದೆ. ದರ ಕಡಿಮೆಯಾಗಿಯೂ 40,000 ಜಾಸ್ತಿ! ವರ್ಗಾವಣೆ ತಪ್ಪಲ್ಲ, ಗಡಿಯಾರವನ್ನು ಮತ್ತೆ ಸೊನ್ನೆಯಿಂದ ಶುರು ಮಾಡಿಸಿಕೊಳ್ಳುವುದು ತಪ್ಪು. ವರ್ಗಾಯಿಸುವುದಾದರೆ ಹಳೆಯ ಕಂತನ್ನೇ ಇಟ್ಟುಕೊಂಡು ಹೋಗು. ಆಗ ಒಂದು ನಾಲ್ಕು ತಿಂಗಳು ಮುಂಚೆ ಮುಗಿಯುತ್ತದೆ. ವರ್ಗಾವಣೆಯ ಫೀ ಕಳೆದ ಮೇಲೂ ಲಾಭ ಇದೆಯಾ ಅಂತ ನೋಡಿಕೋ.

ಸಾಲದ ಜೊತೆ ಅಂಟಿಕೊಂಡು ಬರುವ ಸಣ್ಣಪುಟ್ಟವೂ ಇವೆ. ಪ್ರೊಸೆಸಿಂಗ್ ಫೀ, ನೋಂದಣಿ ಖರ್ಚು, ವಿಮೆ. ವಿಮೆಯ ಪ್ರೀಮಿಯಂ ಅನ್ನು "ಸಾಲದಲ್ಲೇ ಸೇರಿಸಿಬಿಡೋಣ ಮೇಡಂ, ನಿಮ್ಮ ಕೈಯಿಂದ ಏನೂ ಕೊಡಬೇಕಾಗಿಲ್ಲ" ಅನ್ನುತ್ತಾರೆ. ಹಾಗೆ 2,000 ಸೇರಿಸಿದರೆ 20 ವರ್ಷದಲ್ಲಿ ಅದು 4,300 ದಾಟುತ್ತದೆ. ಕೈಯಿಂದ ಕೊಟ್ಟು ಮುಗಿಸು. ವಿಮೆ ಬೇಡ ಅಂತಲ್ಲ, ನಿನ್ನ ದುಡಿಮೆ ನಂಬಿದವರು ಇದ್ದರೆ ಬೇಕೇ ಬೇಕು. ಅದನ್ನು ಹೊರಗೆ ತಗೊಂಡರೆ ಎಷ್ಟಾಗುತ್ತದೆ ಅಂತ ಮಾತ್ರ ಕೇಳಿ ನೋಡು.

ಈಗ ಒಂದು ಎದುರು ಮಾತು. ಇದನ್ನು ಹೇಳದೆ ಬಿಟ್ಟರೆ ನಿನ್ನನ್ನು ಸುಮ್ನೆ ಹೆದರಿಸಿದ ಹಾಗಾಗುತ್ತದೆ. 20 ವರ್ಷದ ನಂತರದ 900 ಇವತ್ತಿನ 900 ಅಲ್ಲ. ಬೆಲೆಗಳು ವರ್ಷಕ್ಕೆ ಶೇ 5ರಂತೆ ಏರಿದರೆ ಕೊನೆಯ ಕಂತಿನ ತೂಕ ಇವತ್ತಿನ 340ರಷ್ಟು. ನಿನ್ನ ಸಂಬಳವೂ ಅಷ್ಟರಲ್ಲಿ ಏರಿರುತ್ತದೆ. ಹಾಗಾಗಿ "ಎರಡು ಪಟ್ಟು ಕಟ್ಟಿದೆ" ಅನ್ನುವ ಮಾತು ಅಂಕಿಯಲ್ಲಿ ನಿಜವಾದರೂ ನೋವಿನಲ್ಲಿ ಅಷ್ಟಿಲ್ಲ. ಮನೆಯ ಬೆಲೆಯೂ ಏರಬಹುದು. ಆದರೆ ಅಲ್ಲೂ ಲೆಕ್ಕ ಬಿಡಬೇಡ. 20 ವರ್ಷದಲ್ಲಿ ಬೆಲೆ ಎರಡು ಪಟ್ಟು ಆಯಿತು ಅಂತ ಜನ ಹೆಮ್ಮೆಯಿಂದ ಹೇಳುತ್ತಾರಲ್ಲ, ಅದು ವರ್ಷಕ್ಕೆ ಶೇ 3.5 ಮಾತ್ರ. ನೀನು ಕಟ್ಟಿದ್ದು ಶೇ 9.

ಬಾಡಿಗೆ ಕಟ್ಟುವುದು ದಂಡ, ಇಎಂಐ ಕಟ್ಟುವುದು ಉಳಿತಾಯ ಅಂತ ನಿನ್ನ ಚಿಕ್ಕಪ್ಪ ಹೇಳುತ್ತಾರೆ. ಅದು ಅರ್ಧ ಸತ್ಯ. ಕಂತಿನಲ್ಲಿ ಅಸಲಿನ ಪಾಲು ಮಾತ್ರ ಉಳಿತಾಯ. ಬಡ್ಡಿ, ಆಸ್ತಿ ತೆರಿಗೆ, ರಿಪೇರಿ, ಡೌನ್ ಪೇಮೆಂಟ್ ಹಣ ಬೇರೆ ಕಡೆ ಇಟ್ಟಿದ್ದರೆ ಬರುತ್ತಿದ್ದ ಆದಾಯ, ಇವೆಲ್ಲ ಒಂದು ತಟ್ಟೆಗೆ. ಬಾಡಿಗೆ ಇನ್ನೊಂದು ತಟ್ಟೆಗೆ. ಹಾಗೆ ತೂಗಿ ನೋಡಿದರೆ ಮೊದಲ ಕೆಲವು ವರ್ಷ ಬಾಡಿಗೆಯೇ ಅಗ್ಗ ಅಂತ ಬಂದರೂ ಬರಬಹುದು. ಆಮೇಲೂ ನಿನಗೆ ಸ್ವಂತ ಮನೆಯೇ ಬೇಕು ಅನ್ನಿಸಿದರೆ ತಗೋ. ಯಾರೂ ಖಾಲಿ ಮಾಡಿ ಅನ್ನದ ಗೋಡೆಗೆ ಮೊಳೆ ಹೊಡೆಯುವ ಸುಖಕ್ಕೆ ಬೆಲೆ ಇದೆ. ಬೆಲೆ ಎಷ್ಟು ಅಂತ ಗೊತ್ತಿದ್ದು ಕೊಡು, ಅಷ್ಟೇ ನನ್ನ ಮಾತು.

ಹಾಗಾದರೆ ಏನು ಮಾಡಲಿ ಅಂತ ಕೇಳುತ್ತೀಯ. ಮುಖ್ಯವಾದದ್ದು ಮೊದಲ ಕೆಲವು ವರ್ಷ. ಬೋನಸ್ ಬಂದು, ಒಂದು ಲಕ್ಷದ ಸಾಲಕ್ಕೆ 10,000ದಂತೆ ಮೊದಲ ವರ್ಷದ ಕೊನೆಗೇ ಕಟ್ಟಿ, ಕಂತು ಹಾಗೇ ಇಟ್ಟುಕೊಂಡೆ ಅನ್ನು. ಸಾಲ 50 ತಿಂಗಳು ಮುಂಚೆ ಮುಗಿಯುತ್ತದೆ, ಬಡ್ಡಿ 35,000 ಉಳಿಯುತ್ತದೆ. ಅದೇ 10,000 ಅನ್ನು 15ನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 5,000ಕ್ಕೂ ಕಡಿಮೆ. ಕೈಯಲ್ಲಿ ಹಣ ಸೇರಿ, ಸಾಲ ಬೇಗ ತೀರಿಸುವ ಯೋಚನೆ ಎಷ್ಟೋ ಜನರಿಗೆ ಬರುವುದು ಹೀಗೆ ತಡವಾಗಿಯೇ. ಮುಂಗಡವಾಗಿ ಕಟ್ಟಿದಾಗ ಬ್ಯಾಂಕಿನವರು "ಕಂತು ಕಡಿಮೆ ಮಾಡಲಾ, ಅವಧಿ ಕಡಿಮೆ ಮಾಡಲಾ" ಅಂತ ಕೇಳಬಹುದು. ಅವಧಿ ಅನ್ನು. ಕೇಳದಿದ್ದರೆ ನೀನೇ ಬರೆದುಕೊಡು.

ಬೋನಸ್ ಇಲ್ಲದಿದ್ದರೂ ಪರವಾಗಿಲ್ಲ. 900ರ ಬದಲು ಮೊದಲ ತಿಂಗಳಿಂದಲೇ 1,000 ಕಟ್ಟಿದರೆ 240 ತಿಂಗಳ ಸಾಲ 186 ತಿಂಗಳಿಗೆ ಮುಗಿಯುತ್ತದೆ. ಬಡ್ಡಿ 30,000 ಉಳಿಯುತ್ತದೆ. ಆದರೆ ಕೈಯಲ್ಲಿರುವ ಹಣವನ್ನೆಲ್ಲ ಸಾಲಕ್ಕೆ ಸುರಿಯಬೇಡ. ಆರು ತಿಂಗಳ ಖರ್ಚು ಪಕ್ಕಕ್ಕಿರಲಿ. ಕ್ರೆಡಿಟ್ ಕಾರ್ಡ್ ಬಾಕಿ ಇದ್ದರೆ ಅದನ್ನು ಮೊದಲು ತೀರಿಸು, ಅದರ ಬಡ್ಡಿಯ ಮುಂದೆ ಮನೆ ಸಾಲದ್ದು ಏನೇನೂ ಅಲ್ಲ.

30 ವರ್ಷಕ್ಕೆ ಹಾಕಿಸಿ, 20 ವರ್ಷದ ಕಂತನ್ನೇ ಕಟ್ಟುತ್ತೇನೆ, ಕಷ್ಟ ಬಂದರೆ ಕಡಿಮೆ ಕಟ್ಟಬಹುದಲ್ಲ ಅಂತ ನೀನು ವಾದ ಮಾಡಬಹುದು. ಆದಾಯ ಒಂದೇ ಸಮ ಇಲ್ಲದವರಿಗೆ ಇದು ಒಳ್ಳೆಯ ದಾರಿಯೇ. ಮುಂಗಡ ಕಟ್ಟಲು ದಂಡ ಇಲ್ಲ ಅಂತ ಬರಹದಲ್ಲಿ ಇರಬೇಕು, ಮತ್ತು ಆ ಜಾಸ್ತಿ ಹಣ ಪ್ರತಿ ತಿಂಗಳು ತಾನೇ ಹೋಗುವ ಹಾಗೆ ಬ್ಯಾಂಕಿಗೆ ಸೂಚನೆ ಕೊಟ್ಟಿರಬೇಕು. "ಉಳಿದರೆ ಕಟ್ಟುತ್ತೇನೆ" ಅನ್ನುವುದಾದರೆ ನಾನು ನಂಬುವುದಿಲ್ಲ. ನಿನ್ನನ್ನು ಸಾಕಿದವಳು ನಾನು, ಅಲ್ವಾ?

ಸಹಿ ಹಾಕುವ ಮುಂಚೆ ತಿಂಗಳುವಾರು ಪಟ್ಟಿ ಕೇಳು. ಅಮಾರ್ಟೈಸೇಷನ್ ಶೆಡ್ಯೂಲ್ ಅಂದರೆ ಕೊಡುತ್ತಾರೆ. ಪ್ರತಿ ಕಂತಿನಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು, ಬಾಕಿ ಎಷ್ಟು ಅಂತ ಅದರಲ್ಲಿರುತ್ತದೆ. ಎಕ್ಸೆಲ್‌ನಲ್ಲಿ ಪಿಎಂಟಿ ಫಾರ್ಮುಲಾ ಹಾಕಿ ಕಂತು ತಾಳೆ ಆಗುತ್ತದಾ ಅಂತ ನೋಡು. 15, 20, 30 ವರ್ಷಕ್ಕೆ ಮೂರೂ ಪಟ್ಟಿ ತಗೊಂಡು ನನಗೂ ನಿನ್ನ ಅಪ್ಪನಿಗೂ ಕಳಿಸು. ಭಾನುವಾರ ಮೂವರೂ ಒಟ್ಟಿಗೆ ಕೂತು ನೋಡೋಣ. ಅಲ್ಲಿಯವರೆಗೆ ಮನೆ ಮಾರುವವರಿಗೆ ಮುಂಗಡದ ಚೆಕ್ ಕೊಡಬೇಡ.

ನಿನ್ನ ಅಮ್ಮ