ಆನೆಗೂ ದಾರಿ ಬಿಟ್ಟ ರೈಲು: ವಿದೇಶಾಂಗ ಸಚಿವರಿಗೆ ನೈರೋಬಿಯಿಂದ ಒಂದು ಪತ್ರ

ಮಾನ್ಯ ಡಾ. ಎಸ್. ಜೈಶಂಕರ್ ಅವರಿಗೆ,

ನಮಸ್ಕಾರ ಸರ್.

ನಾನು ಸಕಲೇಶಪುರದ ಕಡೆಯವನು. ಕೆಲವು ವರ್ಷಗಳಿಂದ ಕೆನ್ಯಾದ ನೈರೋಬಿಯಲ್ಲಿದ್ದೇನೆ. ಕಾಮಗಾರಿಗಳ ಅಳತೆ ತೆಗೆದು ಬಿಲ್ಲು ತಾಳೆ ನೋಡುವುದು ನನ್ನ ಕೆಲಸ. ನಮ್ಮೂರ ಕಡೆ ಇದನ್ನೇ ಎಂ.ಬಿ. (ಅಳತೆ ಪುಸ್ತಕ) ಬರೆಯೋದು ಅಂತಾರೆ. ಹೋದ ಸಲ ಅಮ್ಮ ಇಲ್ಲಿಗೆ ಬಂದಿದ್ದಾಗ, ಸಮುದ್ರ ತೋರಿಸೋಣ ಅಂತ ಮೊಂಬಾಸಾಗೆ ರೈಲಿನಲ್ಲಿ ಕರೆದುಕೊಂಡು ಹೋದೆ. ನಿಮಗೆ ಬರೆಯಬೇಕು ಅನ್ನಿಸಿದ್ದು ಆ ರೈಲಿನಲ್ಲಿ ಕೂತಾಗಲೇ.

ಊರಾಚೆ ಸ್ಯೋಕಿಮೌ ಅನ್ನೋ ಕಡೆ ದೊಡ್ಡ ನಿಲ್ದಾಣ ಇದೆ. ಒಳಗೆ ಬಿಡುವ ಮೊದಲು ಎಲ್ಲರ ಸೂಟ್‌ಕೇಸನ್ನೂ ನೆಲದ ಮೇಲೆ ಸಾಲಾಗಿ ಇಡಿಸುತ್ತಾರೆ. ಪೊಲೀಸ್ ನಾಯಿ ಒಂದೊಂದನ್ನೇ ಮೂಸುತ್ತಾ ಹೋಗುತ್ತದೆ. ಅಮ್ಮನ ಚೀಲದಲ್ಲಿ ಚಕ್ಕುಲಿ, ಮಾವಿನ ಉಪ್ಪಿನಕಾಯಿ ಇತ್ತು. ನಾಯಿ ಅಲ್ಲಿ ಒಂದು ಗಳಿಗೆ ಜಾಸ್ತಿ ನಿಂತಿತು. ಅಮ್ಮ ಗಾಬರಿಯಾಗಿ ನನ್ನ ಕೈ ಹಿಡಿದುಕೊಂಡರು. ಆಮೇಲೆ ರೈಲು ಹೇಳಿದ ಹೊತ್ತಿಗೆ ಸರಿಯಾಗಿ ಹೊರಟಿತು.

ತ್ಸಾವೊ ಕಾಡಿನ ಒಳಗೆ ಹಳಿ ಎತ್ತರದ ಮಣ್ಣಿನ ಏರಿಯ ಮೇಲೆ ಹೋಗುತ್ತದೆ. ಅಲ್ಲಲ್ಲಿ ಆ ಏರಿ ಮುಗಿದು, ಸೇತುವೆ ಬರುತ್ತದೆ. ಕೆಳಗೆ ನೋಡಿದರೆ ನೀರೇ ಇಲ್ಲ.

"ಹೊಳೆನೇ ಇಲ್ಲ, ಸೇತುವೆ ಯಾಕೋ ಕಟ್ಟಿದಾರೆ?" ಅಂದರು ಅಮ್ಮ.

"ಆನೆ ದಾಟೋಕಮ್ಮ."

ಅಮ್ಮ ಕಿಟಕಿಗೆ ಹಣೆ ಹಚ್ಚಿ ಕೂತರು. ಸ್ವಲ್ಪ ಹೊತ್ತಿಗೆ ಮೈಗೆಲ್ಲ ಕೆಂಪು ಮಣ್ಣು ಮೆತ್ತಿಕೊಂಡ ಒಂದು ಹಿಂಡು ಕಂಡಿತು. ಸಕಲೇಶಪುರ, ಆಲೂರು ಕಡೆ ಆನೆ ಅಂದರೆ ಏನು ಅಂತ ಬೇರೆಯವರಿಗೆ ವಿವರಿಸೋದು ಕಷ್ಟ. ಬೆಳಿಗ್ಗೆ ತೋಟಕ್ಕೆ ಹೋದವರು ಸಂಜೆ ಮನೆಗೆ ಬರುವವರೆಗೂ ಜೀವ ಕೈಯಲ್ಲಿ ಹಿಡಿದಿರಬೇಕು. ಅಮ್ಮ ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ ಕೇಳಿದರು: "ಆನೆಗೂ ದಾರಿ ಬಿಟ್ಟಿದಾರಲ್ಲೋ. ಯಾರು ಕಟ್ಟಿದ್ದು ಇದನ್ನ?"

"ಚೀನಾದವರು."

ಸರ್, ನಮ್ಮ ದೇಶದಲ್ಲಿ ಚೀನಾ ಹೊರಗೆ ಕಟ್ಟುವ ಕೆಲಸದ ಮಾತು ಬಂದರೆ ಎರಡೇ ಶಬ್ದ ಕೇಳುತ್ತೇವೆ. ಒಂದು ಕಳಪೆ, ಇನ್ನೊಂದು ಸಾಲದ ಬಲೆ. ಇಲ್ಲಿ ಕೂತು ನೋಡಿದರೆ ಎರಡೂ ಪೂರ್ತಿ ನಿಜ ಅನ್ನಿಸೋದಿಲ್ಲ.

ಮೊಂಬಾಸಾದಿಂದ ನೈರೋಬಿಗೆ ಸುಮಾರು 470 ಕಿ.ಮೀ. ಕೆಲಸ ಶುರುವಾಗಿದ್ದು 2014ರ ಕೊನೆಯಲ್ಲಿ. 2017ರ ಮೇ 31ಕ್ಕೆ ಪ್ರಯಾಣಿಕರ ರೈಲು ಓಡಿತು. ಎರಡೂವರೆ ವರ್ಷ ಅಷ್ಟೇ! ನಮ್ಮ ಹಾಸನ–ಮಂಗಳೂರು ಮಾರ್ಗವನ್ನು ಮೀಟರ್ ಗೇಜಿನಿಂದ ಬ್ರಾಡ್ ಗೇಜಿಗೆ ಬದಲಿಸೋಕೆ 1996ರಲ್ಲಿ ನಿಲ್ಲಿಸಿದ ಪ್ರಯಾಣಿಕರ ರೈಲು ಮತ್ತೆ ಬಂದಿದ್ದು 2007ರ ಡಿಸೆಂಬರ್‌ನಲ್ಲಿ. ನಮ್ಮದು ಘಾಟಿ, ಮಳೆ, ಸುರಂಗ. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗೋಕೆ ಆಗಲ್ಲ, ಒಪ್ಪುತ್ತೇನೆ. ಆದರೆ ನಿಂತ ರೈಲಿಗೆ ಕಾದು ಕಾದು ಶಾಲೆ, ಕಾಲೇಜು ಮುಗಿಸಿದ ಊರಿನವನು ನಾನು. ಈ ವೇಗ ನೋಡಿ ಸುಮ್ನೆ ಇರೋಕೆ ಆಗಲಿಲ್ಲ.

ಕೆನ್ಯಾದ ಮೊದಲ ಹಳಿ ಹಾಕಿದ್ದು ನಮ್ಮವರು ಅನ್ನೋದನ್ನೂ ಇಲ್ಲಿ ಹೇಳಬೇಕು. 1896ರಿಂದ 1901ರವರೆಗೆ ಬ್ರಿಟಿಷರು ಸುಮಾರು 32,000 ಭಾರತೀಯ ಕೂಲಿಗಳನ್ನು ಹಡಗಿನಲ್ಲಿ ತಂದರು. ಸುಮಾರು 2,500 ಜನ ಇಲ್ಲೇ ಸತ್ತರು. ಇದೇ ತ್ಸಾವೊದಲ್ಲಿ ಸಿಂಹಗಳು ಕೂಲಿಗಳನ್ನು ಎಳೆದುಕೊಂಡು ಹೋದವು. ಹೊಸ ರೈಲಿನ ಕಿಟಕಿಯಿಂದ ಆ ಹಳೇ ಹಳಿ ಕೆಲವು ಕಡೆ ಈಗಲೂ ಕಾಣುತ್ತದೆ. ತೋರಿಸಿದಾಗ ಅಮ್ಮ ಕೈ ಮುಗಿದರು.

ಚೀನಾದವರು ಇಷ್ಟು ಬೇಗ ಹೇಗೆ ಕಟ್ಟುತ್ತಾರೆ ಅಂತ ನನಗಿಂತ ನಿಮಗೇ ಚೆನ್ನಾಗಿ ಗೊತ್ತು. 2009ರಿಂದ 2013ರವರೆಗೆ ನೀವು ಬೀಜಿಂಗ್‌ನಲ್ಲಿ ನಮ್ಮ ರಾಯಭಾರಿಯಾಗಿದ್ದಿರಿ. 2011ರ ಜೂನ್ ಕೊನೆಯಲ್ಲಿ ಬೀಜಿಂಗ್–ಶಾಂಘೈ ನಡುವಿನ 1,318 ಕಿ.ಮೀ. ವೇಗದ ರೈಲು ಶುರುವಾದಾಗ ನೀವು ಅಲ್ಲೇ ಇದ್ದಿರಿ. ಮರುತಿಂಗಳೇ ವೆಂಝೌನಲ್ಲಿ ಎರಡು ರೈಲು ಡಿಕ್ಕಿಯಾಗಿ 40 ಜನ ಸತ್ತಾಗಲೂ ಇದ್ದಿರಿ. ಜನ ಸಿಟ್ಟಿಗೆದ್ದರು. ತನಿಖೆ ಸಿಗ್ನಲ್ ಉಪಕರಣದ ವಿನ್ಯಾಸದಲ್ಲೇ ದೋಷ ಹಿಡಿಯಿತು. ರೈಲುಗಳ ವೇಗ ಇಳಿಸಿದರು. ಆಮೇಲೆ ಮತ್ತೆ ಕಟ್ಟುತ್ತಾ ಹೋದರು. 2008ರಲ್ಲಿ ಮೊದಲ ಮಾರ್ಗ, 2024ರ ಕೊನೆಗೆ 48,000 ಕಿ.ಮೀ. ಸೇತುವೆಯ ತೊಲೆಗಳನ್ನು ಯಾರ್ಡ್‌ನಲ್ಲಿ ಒಂದೇ ಅಚ್ಚಿನಲ್ಲಿ ಎರಕ ಹೊಯ್ದು, ತಂದು ಜೋಡಿಸುತ್ತಾರೆ. ಒಂದು ಕಡೆ ಕೆಲಸ ಮುಗಿಸಿದ ತಂಡ ಅದೇ ಯಂತ್ರ, ಅದೇ ನಕ್ಷೆ ಹಿಡಿದು ಮುಂದಿನ ಕೆಲಸಕ್ಕೆ ಹೋಗುತ್ತದೆ. ಕೈ ಪಳಗೋದು ಹಾಗೇ ಅಲ್ವಾ?

ಹಾಗಾದರೆ ಕೆನ್ಯಾದಲ್ಲಿ ಎಡವಟ್ಟಾಗಿದ್ದು ಎಲ್ಲಿ? ಹಳಿಯಲ್ಲಲ್ಲ, ಕಾಗದದಲ್ಲಿ.

ಸುಮಾರು 360 ಕೋಟಿ ಡಾಲರ್ ಖರ್ಚಿನಲ್ಲಿ ಹೆಚ್ಚುಕಡಿಮೆ ಶೇ 90 ಭಾಗ ಚೀನಾ ಸರ್ಕಾರದ ಎಕ್ಸಿಮ್ ಬ್ಯಾಂಕಿನ ಸಾಲ. ಸಹಿ ಹಾಕಿದಾಗಿನ ಕರಾರಿನಲ್ಲಿ ಅರ್ಧ ಸಾಲಕ್ಕೆ ಬಡ್ಡಿ ಶೇ 2. ಇನ್ನರ್ಧಕ್ಕೆ ಲಂಡನ್ ಮಾರುಕಟ್ಟೆ ದರದ ಮೇಲೆ ಇನ್ನೂ ಶೇ 3.6. ತಕರಾರು ಬಂದರೆ ಪಂಚಾಯ್ತಿ ಬೀಜಿಂಗ್‌ನಲ್ಲಿ. ಸಾಲ ತೀರಿಸಬೇಕಾದ ಜನಕ್ಕೆ ಈ ಕರಾರು ಓದೋಕೆ ಸಿಕ್ಕಿದ್ದು 2022ರ ನವೆಂಬರ್‌ನಲ್ಲಿ, ರೈಲು ಓಡಲು ಶುರುವಾಗಿ ಐದು ವರ್ಷ ಆದಮೇಲೆ. ಗುತ್ತಿಗೆ ಕೊಟ್ಟ ರೀತಿ ಖರೀದಿ ಕಾನೂನಿಗೆ ವಿರುದ್ಧ ಅಂತ 2020ರಲ್ಲಿ ಇಲ್ಲಿನ ಮೇಲ್ಮನವಿ ನ್ಯಾಯಾಲಯ ಹೇಳಿತು. ಅಷ್ಟರಲ್ಲಿ ಹಳಿ ಹಾಕಿ ಮುಗಿದಿತ್ತು. ಬಂದರಿನ ಸರಕು ರೈಲಿನಲ್ಲೇ ಹೋಗಬೇಕು ಅಂತ ಸರ್ಕಾರ ಆದೇಶ ಮಾಡಿದಾಗ ಮೊಂಬಾಸಾದಲ್ಲಿ ಲಾರಿಯವರು, ಗೋದಾಮಿನವರು ಬೀದಿಗಿಳಿದರು. ಉಗಾಂಡ ಗಡಿ ಮುಟ್ಟಬೇಕಿದ್ದ ಮಾರ್ಗ 2019ರಲ್ಲಿ ಸುಸ್ವಾ ಬಯಲಿಗೆ ಬಂದು, ಮುಂದೆ ದುಡ್ಡಿಲ್ಲದೆ ವರ್ಷಗಟ್ಟಲೆ ಅಲ್ಲೇ ನಿಂತಿತು.

ಈಗ ನಿಮ್ಮ ಮುಂದೆ ಇನ್ನೊಂದು ಕೆಲಸ ಇಡುತ್ತೇನೆ. ಕ್ರೊಯೇಷಿಯಾದ ಪೆಲ್ಯೆಶಾಟ್ಸ್ ಸೇತುವೆ. ನಡುವೆ ಬೋಸ್ನಿಯಾದ ಒಂದು ತುಂಡು ನೆಲ ಸಮುದ್ರದವರೆಗೆ ಚಾಚಿದೆ. ಹಾಗಾಗಿ ದುಬ್ರೊವ್ನಿಕ್ ಕಡೆಯ ಜನ ತಮ್ಮದೇ ದೇಶದ ಇನ್ನೊಂದು ಭಾಗಕ್ಕೆ ಹೋಗೋಕೆ ಎರಡು ಸಲ ಗಡಿ ದಾಟಬೇಕಿತ್ತು. ಅದನ್ನು ತಪ್ಪಿಸಲು ಸಮುದ್ರದ ಮೇಲೆ 2.4 ಕಿ.ಮೀ. ಸೇತುವೆ ಹಾಕಿದರು. 2018ರಲ್ಲಿ ಕೆಲಸ ಶುರು, 2022ರ ಜುಲೈನಲ್ಲಿ ಸಂಚಾರ. ಕಟ್ಟಿದ್ದು ಯಾರು ಗೊತ್ತಾ? ಚೀನಾ ರೋಡ್ ಅಂಡ್ ಬ್ರಿಡ್ಜ್ ಕಾರ್ಪೊರೇಷನ್. ಕೆನ್ಯಾದ ಈ ರೈಲು ಕಟ್ಟಿದ ಅದೇ ಕಂಪನಿ.

ಆದರೆ ಅಲ್ಲಿ ಟೆಂಡರ್ ಬಹಿರಂಗ. ಸೇತುವೆಯ ವಿನ್ಯಾಸ ಸ್ಲೊವೇನಿಯಾದ ಎಂಜಿನಿಯರ್‌ನದು. ದುಡ್ಡಿನಲ್ಲಿ 35.7 ಕೋಟಿ ಯೂರೊ ಐರೋಪ್ಯ ಒಕ್ಕೂಟದ್ದು, ಅದಕ್ಕೆ ತಕ್ಕ ನಿಯಮವೂ ಅವರದೇ. ಚೀನಾದ ಕಂಪನಿ ಆ ನಿಯಮಕ್ಕೆ ತಲೆಬಾಗಿ ಕಟ್ಟಿಕೊಟ್ಟಿತು. ಇನ್ನೊಂದು ಕಡೆ ಈಕ್ವಡಾರ್ ನೋಡಿ. ಅಲ್ಲಿನ ಕೊಕಾ ಕೊಡೊ ಸಿಂಕ್ಲೇರ್ 1,500 ಮೆಗಾವಾಟ್‌ನ ಜಲವಿದ್ಯುತ್ ಸ್ಥಾವರ, ಕಟ್ಟಿದ್ದು ಚೀನಾದ ಸೈನೊಹೈಡ್ರೊ. 2016ರಲ್ಲಿ ಉದ್ಘಾಟನೆಯಾಯಿತು. ಟರ್ಬೈನಿಗೆ ನೀರು ಹಂಚುವ ಉಕ್ಕಿನ ಕೊಳವೆಗಳಲ್ಲಿ ಸಾವಿರಾರು ಬಿರುಕು ಸಿಕ್ಕವು.

ಎಂ.ಬಿ. ಬರೆಯುವವನಾಗಿ ನನಗೆ ಇದರಲ್ಲಿ ಆಶ್ಚರ್ಯ ಇಲ್ಲ. ಕೆಲಸದ ಗುಣ ಅರ್ಧ ಕಟ್ಟುವವರ ಕೈಯಲ್ಲಿ, ಅರ್ಧ ಕಟ್ಟಿಸುವವರ ಕೈಯಲ್ಲಿ. ಸೈಟಿನಲ್ಲಿ ನಿಂತು ಕಂಬಿ ಎಣಿಸುವವರು, ಕಾಂಕ್ರೀಟ್ ಕ್ಯೂಬ್ ಒಡೆದು ನೋಡುವವರು, ಸರಿಯಿಲ್ಲದ ಬಿಲ್ಲು ತಡೆಯುವವರು ಇದ್ದರೆ ಯಾವ ದೇಶದ ಗುತ್ತಿಗೆದಾರನೂ ನೆಟ್ಟಗೆ ಕಟ್ಟುತ್ತಾನೆ. ನೈರೋಬಿ ರಾಷ್ಟ್ರೀಯ ಉದ್ಯಾನಕ್ಕೆ ಹಳಿ ಬಂದಾಗ ಇಲ್ಲಿನ ಪರಿಸರದವರು ಬೀದಿಯಲ್ಲೂ ಕೋರ್ಟಿನಲ್ಲೂ ಹೋರಾಡಿದರು. ಇವತ್ತು ಅಲ್ಲಿ ರೈಲು ಆರು ಕಿ.ಮೀ. ಉದ್ದದ ಸೇತುವೆಯ ಮೇಲೆ ಹೋಗುತ್ತದೆ, ಕೆಳಗೆ ಜಿರಾಫೆ ಓಡಾಡುತ್ತವೆ.

ಶ್ರೀಲಂಕಾದ ಹಂಬನ್‌ತೋಟ ಬಂದರಿನ ವಿಷಯದಲ್ಲೂ ನಾವು ಕಥೆಯನ್ನು ಸರಿಯಾಗಿ ಹೇಳಬೇಕು. ಶ್ರೀಲಂಕಾಗೆ ಸಾಲ ಕಟ್ಟೋಕಾಗದ್ದಕ್ಕೆ ಚೀನಾ ಬಂದರನ್ನು ಜಪ್ತಿ ಮಾಡಿತು ಅಂತ ಭಾಷಣಗಳಲ್ಲಿ ಕೇಳುತ್ತೇವೆ. 2017ರಲ್ಲಿ ಶ್ರೀಲಂಕಾ ಅದನ್ನು ಚೀನಾದ ಕಂಪನಿಗೆ 99 ವರ್ಷಕ್ಕೆ 112 ಕೋಟಿ ಡಾಲರ್‌ಗೆ ಗುತ್ತಿಗೆ ಕೊಟ್ಟಿತು. ಆ ದುಡ್ಡು ಅವರ ವಿದೇಶಿ ವಿನಿಮಯದ ಖಜಾನೆಗೆ ಹೋಯಿತು. ಬಂದರಿನ ಸಾಲ ಹಾಗೇ ಉಳಿಯಿತು. ಹಡಗೇ ಬರದ ಬಂದರು ಕಟ್ಟಿಸಿದ್ದು ಅಲ್ಲಿನ ಆಳುವವರ ತಪ್ಪು ಲೆಕ್ಕ. ಚೀನಾ ಸಮೀಪ ಬಂದು ಕೂತಿರುವುದು ನಮ್ಮ ಭದ್ರತೆಯ ಪ್ರಶ್ನೆ ಹೌದು. ಹಾಗಂತ ಕಥೆ ತಿರುಚಿದರೆ, ಆಫ್ರಿಕಾದಲ್ಲಿ ಓದಿಕೊಂಡವರು ನಮ್ಮ ಮಾತು ನಂಬೋದಿಲ್ಲ.

ಅವರು ನನ್ನನ್ನು ಕೇಳುವುದು ಒಂದೇ: "ನೀವೇನು ಕಟ್ಟಿದಿರಿ?"

ಮಾಲ್ಡೀವ್ಸ್‌ನಲ್ಲಿ ಚೀನಾದ ಸೇತುವೆ 2018ರಲ್ಲೇ ತೆರೆಯಿತು. ನಮ್ಮ ನೆರವಿನ ತಿಲಾಮಾಲೆ ಸೇತುವೆ ಅದಕ್ಕಿಂತ ಬಹಳ ದೊಡ್ಡದು, 6.74 ಕಿ.ಮೀ.; 2021ರಲ್ಲಿ ಗುತ್ತಿಗೆ ಆಯಿತು, ಮೊದಲು ಹೇಳಿದ ಗಡುವು ದಾಟಿತು. ಮ್ಯಾನ್ಮಾರ್‌ನಲ್ಲಿ ಬಂದರು, ನದಿ, ರಸ್ತೆ ಸೇರಿಸಿ ನಾವು ಕೈಗೆತ್ತಿಕೊಂಡ ಕಲಾದಾನ್ ಸಾರಿಗೆ ಯೋಜನೆಗೆ ಸಹಿ ಬಿದ್ದಿದ್ದು 2008ರಲ್ಲಿ. ಅದರ ಸಿತ್ವೆ ಬಂದರಿಗೆ ಮೊದಲ ಸರಕು ಹಡಗು ಬಂದಿದ್ದು 2023ರಲ್ಲಿ. ಅಲ್ಲಿ ಯುದ್ಧ ಇದೆ, ಗೊತ್ತು. ಆದರೆ ನಮಗೂ ಬೇಗ ಕಟ್ಟೋಕೆ ಬರುತ್ತದೆ. ಮಾರಿಷಸ್‌ನ ಮೆಟ್ರೊ ಕೆಲಸ 2017ರಲ್ಲಿ ಶುರುವಾಗಿ 2019ರ ಅಕ್ಟೋಬರ್‌ಗೆ ಉದ್ಘಾಟನೆ ಆಯಿತು. ಕಟ್ಟಿದ್ದು ನಮ್ಮ ಎಲ್ ಅಂಡ್ ಟಿ. ಇಲ್ಲಿನವರಿಗೆ ನಾನು ಹೆಮ್ಮೆಯಿಂದ ಹೇಳೋದು ಅದನ್ನೇ.

ಸರ್, ನನ್ನ ಕೋರಿಕೆ ದೊಡ್ಡದೇನಲ್ಲ. 2015ರ ಭಾರತ–ಆಫ್ರಿಕಾ ಶೃಂಗಸಭೆಯಲ್ಲಿ ನಾವು ಸಾವಿರ ಕೋಟಿ ಡಾಲರ್ ಸಾಲದ ಭರವಸೆ ಕೊಟ್ಟೆವು. ಅದರಲ್ಲಿ ಎಷ್ಟು ಕೊಟ್ಟೆವು, ಯಾವ ಕೆಲಸಕ್ಕೆ, ಗುತ್ತಿಗೆ ಯಾರಿಗೆ, ಮೊದಲ ಗಡುವು ಯಾವುದು, ಈಗ ಕೆಲಸ ಎಲ್ಲಿಗೆ ಬಂದಿದೆ, ಬಡ್ಡಿ ಎಷ್ಟು. ಇಷ್ಟನ್ನೂ ಒಂದೊಂದು ಯೋಜನೆಗೆ ಒಂದೊಂದು ಪುಟದಂತೆ ಸಂಸತ್ತಿನ ಮುಂದೆ ಇಡಿ. ಕರಾರನ್ನೂ ಜೊತೆಗೇ ಹಾಕಿ. ನಮ್ಮ ದುಡ್ಡಿನ ಕೆಲಸ ನಡೆಯುವ ಊರಿನ ರಾಯಭಾರ ಕಚೇರಿಯಲ್ಲಿ ಸೈಟಿಗೆ ಹೋಗಿ ಅಳತೆ ನೋಡುವ ಒಬ್ಬ ಎಂಜಿನಿಯರ್ ಇರಲಿ. ಕಟ್ಟಿದ ಮೇಲೆ ಮೊದಲ ಹತ್ತು ವರ್ಷದ ದುರಸ್ತಿ ಯಾರದು ಅಂತ ಮೊದಲ ದಿನವೇ ಬರೆದಿಡಿ.

ಕೆನ್ಯಾದ ಎಲ್ಡೊರೆಟ್‌ನಲ್ಲಿ ರಿವಾಟೆಕ್ಸ್ ಅನ್ನೋ ಜವಳಿ ಕಾರ್ಖಾನೆಗೆ ನಮ್ಮ ಸಾಲದಿಂದ ಹೊಸ ಯಂತ್ರಗಳು ಬಂದು, 2019ರಲ್ಲಿ ಅದು ಮತ್ತೆ ಉದ್ಘಾಟನೆಯಾಯಿತು. ಆ ಸಾಲದ ಲೆಕ್ಕ ಏನು, ಯಂತ್ರಗಳು ಈಗ ಹೇಗೆ ಓಡುತ್ತಿವೆ ಅಂತ ಇಲ್ಲಿನ ಸಹೋದ್ಯೋಗಿಗಳು ಕೇಳುತ್ತಾರೆ. ಅವರ ಮುಂದೆ ಇಡೋಕೆ ನನಗೆ ಆ ಒಂದು ಪುಟ ಬೇಕು.

ಗೌರವದೊಂದಿಗೆ,
ನೈರೋಬಿಯಲ್ಲಿರುವ ಸಕಲೇಶಪುರದ ಕನ್ನಡಿಗ