ಸೀನನಿಗೆ, ತಂಡ ಬಿಟ್ಟವರ ಬಗ್ಗೆ

ಪ್ರೀತಿಯ ಸೀನ,

ಫೋನಿನಲ್ಲಿ ನೀನು ನನ್ನ ಮಾತು ಮುಗಿಸೋಕೆ ಬಿಡುವುದಿಲ್ಲ. ಅದಕ್ಕೇ ಎಲ್ಲರ ಮುಂದೆ ಬರೆಯುತ್ತಿದ್ದೇನೆ.

ಈ ವಾರವೆಲ್ಲ ಜೂಡಿತ್ ಡರ್ಹಮ್ ಹಾಡು ಕೇಳುತ್ತಿದ್ದೇನೆ. ಆಸ್ಟ್ರೇಲಿಯಾದ ಸೀಕರ್ಸ್ ಅನ್ನೋ ನಾಲ್ವರ ಹಾಡಿನ ತಂಡದ ಹುಡುಗಿ, ಮೆಲ್ಬರ್ನಿನವಳು. ಹಗಲು ಜಾಹೀರಾತು ಕಂಪನಿಯಲ್ಲಿ ಸೆಕ್ರೆಟರಿ, ಸಂಜೆ ಮೇಲೆ ಜಾಜ್ ಹಾಡು. ಅದೇ ಆಫೀಸಿನಲ್ಲಿದ್ದ ಅಥಾಲ್ ಗೈ ಅವಳನ್ನು ತಂಡಕ್ಕೆ ಕರೆದ. 1964ರಲ್ಲಿ ನಾಲ್ವರೂ ಹಡಗಿನಲ್ಲಿ ಹಾಡಿಕೊಂಡೇ ಲಂಡನ್ ಸೇರಿದರು. ಹತ್ತು ವಾರ ಇದ್ದು ಬರೋಣ ಅಂತ ಹೋದವರು. ಮರುವರ್ಷ ಬ್ರಿಟನ್ನಿನಲ್ಲಿ ಅವರ ಎರಡು ಹಾಡು ನಂಬರ್ ಒನ್! 1967ರ ಮಾರ್ಚಿನಲ್ಲಿ ಮೆಲ್ಬರ್ನಿನಲ್ಲಿ ಹಾಡಿದಾಗ ಸೇರಿದ ಜನ ಸುಮಾರು 2 ಲಕ್ಷ.

ಹೆಡ್‌ಫೋನ್ ಹಾಕಿಕೊಂಡು ಕೇಳು. ಕೀತ್ ಪಾಟ್ಗರ್‌ನ ಹನ್ನೆರಡು ತಂತಿಯ ಗಿಟಾರ್, ಕೆಳಗೆ ಅಥಾಲ್‌ನ ದೊಡ್ಡ ಬೇಸ್ ವಾದ್ಯ. ಮೂವರು ಗಂಡಸರ ದನಿ ಒಂದರೊಳಗೊಂದು ಸೇರಿಹೋಗುತ್ತದೆ. ಅವಳದ್ದು ಮಾತ್ರ ಬೇರೆಯಾಗಿ ಮೇಲೆ ನಿಲ್ಲುತ್ತದೆ, ಒಂದೊಂದು ಅಕ್ಷರವೂ ಸ್ಪಷ್ಟ. ಚಿಕ್ಕಂದಿನಲ್ಲಿ ದಡಾರ ಬಂದು ಅವಳ ಶ್ವಾಸಕೋಶ ಹಾಳಾಗಿತ್ತು, ಆ ತೊಂದರೆ ಕೊನೆತನಕ ಬಿಡಲಿಲ್ಲ. ಅಂಥ ಎದೆಯಿಂದ ಈ ದನಿ!

1968ರಲ್ಲಿ ಅವಳು ತಂಡ ಬಿಟ್ಟಳು. ಒಬ್ಬಳೇ ಹಾಡಬೇಕು ಅನ್ನಿಸಿತ್ತು. ವಯಸ್ಸಿನ್ನೂ 25. ಎಲ್ಲರೂ ಅವಳ ಕಥೆಯನ್ನೇ ಹೇಳುತ್ತಾರೆ. ನನ್ನ ತಲೆಯಲ್ಲಿ ಕೂತಿರುವುದು ಉಳಿದ ಮೂವರು. ಕೆಲವು ವರ್ಷ ಬಿಟ್ಟು ಬೇರೆ ಹುಡುಗಿಯನ್ನು ಕರೆದು ಮತ್ತೆ ತಂಡ ಕಟ್ಟಿದರು. 1975ರಲ್ಲಿ ಆಸ್ಟ್ರೇಲಿಯಾದಲ್ಲಿ ಒಂದು ಹಾಡು ಹಿಟ್ ಕೂಡ ಆಯ್ತು. ಆದರೂ ಸ್ಟೇಜಿನ ಮೇಲೆ ಅವರಿಗೆ ಹೇಗನ್ನಿಸಿರಬೇಕು, ಹೇಳು?

ನೀನು ನಮ್ಮ ತಂಡ ಬಿಟ್ಟು ಬೆಂಗಳೂರಿಗೆ ಹೋದ ಮೇಲೆ ನಾವೂ ಬೇರೆಯವನನ್ನು ಕರೆತಂದೆವಲ್ಲ. ಚೆನ್ನಾಗೇ ಹಾಡಿದ. ಎರಡನೇ ಚರಣ ಬಂದಾಗ ಮಾತ್ರ ನಾನು ಎಡಕ್ಕೆ ತಿರುಗಿ ನೋಡುತ್ತಿದ್ದೆ, ನೀನು ನಿಲ್ಲುತ್ತಿದ್ದ ಕಡೆ. ಸಿಟ್ಟಿತ್ತು ಕಣೋ ನಿನ್ನ ಮೇಲೆ. 'ಹೋಗ್ಲಿ ಬಿಡಿ, ಅವನಿಗೆ ಒಳ್ಳೇದಾಗ್ಲಿ' ಅಂತ ಎಲ್ಲರಿಗೂ ಹೇಳುತ್ತಿದ್ದೆ. ಅಲ್ಲಿ ಏನೂ ಗಿಟ್ಟದೆ ವಾಪಸ್ ಬರಲಿ ಅಂತ ಒಳಗೊಳಗೇ ಕಾಯುತ್ತಿದ್ದೆ. ನೀನು ಬರಲಿಲ್ಲ. ನಿನ್ನ ಮೊದಲ ರೆಕಾರ್ಡಿಂಗ್ ಕಳಿಸಿದಾಗ ಒಂದು ರಾತ್ರಿಯಿಡೀ ಕೇಳಿದೆ, ನಿನಗೆ 'ಸೂಪರ್' ಅಂತ ಒಂದೇ ಪದ ಬರೆದೆ. ಇದನ್ನೆಲ್ಲ ಹೇಳೋಕೆ ಕೂತವನಲ್ಲ ನಾನು, ಬಂದುಬಿಟ್ಟಿತು.

ಸೀಕರ್ಸ್‌ನ ಆ ನಾಲ್ವರು 25 ವರ್ಷ ಬಿಟ್ಟು, 1993ರಲ್ಲಿ, ಮತ್ತೆ ಒಟ್ಟಿಗೆ ಹಾಡಿದರು. 2013ರಲ್ಲಿ ಜೂಡಿತ್‌ಗೆ ಮೆದುಳಿನಲ್ಲಿ ರಕ್ತಸ್ರಾವವಾಗಿ ಓದುವುದು, ಬರೆಯುವುದು, ಸ್ವರಲಿಪಿ ನೋಡುವುದು ಎಲ್ಲ ಕಷ್ಟವಾಯಿತು. ಹಾಡು ಮಾತ್ರ ಹೋಗಲಿಲ್ಲ. ಮರುವರ್ಷವೇ ಮೂವರ ಜೊತೆ ಮತ್ತೆ ಸ್ಟೇಜ್ ಹತ್ತಿದಳು. 2022ರ ಆಗಸ್ಟಿನಲ್ಲಿ ತೀರಿಕೊಂಡಳು.

ನಮಗೆ ಅಷ್ಟು ವರ್ಷ ಕಾಯೋದು ಬೇಡ. ಹಬ್ಬಕ್ಕೆ ಊರಿಗೆ ಬಾ, ಪೆಂಡಾಲಿನಲ್ಲಿ ಎರಡು ಹಾಡು ಹಾಡೋಣ. ಶ್ರುತಿ ನೀನೇ ಹೇಳು, ಹಾರ್ಮೋನಿಯಂನ ಕಪ್ಪು ಎರಡು ಅಂದರೂ ಸರಿ. ಆ ವಡೆ ಪಾರ್ಸೆಲ್ ವಿಷಯ ನಾನಿಲ್ಲಿ ಎತ್ತಿಲ್ಲ, ನೋಡಿಕೋ. ನೀನೂ ಎತ್ತಬೇಡ.

ನಿನ್ನ,
ಗಿಟಾರ್ ಮಂಜ